ಎಪ್ಪತ್ತೆರಡನೇ ಅಡಿಯ ಗಡ್ಡ

ಶಿಕಾರಿಪುರದ ಚೌಡೇಶನ ಉದ್ಯೋಗ ಏನೆಂದು ಯಾರಾದರೂ ಕೇಳಿದರೆ ಅವನ ಹೆಂಡತಿ ಧನಲಕ್ಷ್ಮಿ, "ನೆಲದೊಳಗೆ ಟಿವಿ ನೋಡ್ತಾರೆ" ಎನ್ನುತ್ತಾಳೆ. ಅದರಲ್ಲಿ ಸುಳ್ಳೇನೂ ಇಲ್ಲ. ಕೆಟ್ಟು ನಿಂತ ಬೋರುಗಳಿಗೆ ಕ್ಯಾಮರಾ ಇಳಿಸಿ, ಒಳಗೆ ಏನಾಗಿದೆ ಎಂದು ನೋಡಿ ಹೇಳುವುದು ಅವನ ಕೆಲಸ. ಹಳೇ ಓಮ್ನಿಯ ಹಿಂಭಾಗದಲ್ಲಿ ಸಾವಿರ ಅಡಿ ವೈರು ಸುತ್ತಿದ ರೀಲು, ಮೂರು ಕಾಲಿನ ಒಂದು ಸ್ಟ್ಯಾಂಡು, ಒಂದು ಪುಟ್ಟ ಟಿವಿ. ಕ್ಯಾಮರಾ ಎನ್ನುವುದು ಮೊಳ ಉದ್ದದ ಸ್ಟೀಲಿನ ಕೊಳವೆ. ಅದರ ತುದಿಗೆ ಗಾಜು, ಗಾಜಿನ ಸುತ್ತ ಬಳೆಯ ಹಾಗೆ ಕೂರಿಸಿದ ಸಣ್ಣ ದೀಪಗಳು. ಕ್ಯಾಮರಾ ಕೆಳಕ್ಕಿಳಿದ ಹಾಗೆ ಟಿವಿಯ ಮೂಲೆಯಲ್ಲಿ ಎಷ್ಟು ಅಡಿ ಎಂಬುದು ಮೂಡುತ್ತಾ ಹೋಗುತ್ತದೆ. ಮೋಟ್ರು ಎಲ್ಲಿ ಸಿಕ್ಕಿಕೊಂಡಿದೆ, ಪೈಪು ಎಲ್ಲಿ ಒಡೆದಿದೆ, ನೀರಿದೆಯೋ ಇಲ್ಲವೋ, ಅರ್ಧ ಗಂಟೆಯಲ್ಲಿ ಎಲ್ಲವೂ ಬಯಲು.

ಬೋರಿನ ಯಜಮಾನರಿಗೆ ಬೇಕಾದದ್ದು ಇಷ್ಟೇ. ಆದರೆ ಚೌಡೇಶನ ಕಣ್ಣಿಗೆ ಬೇರೆಯದೂ ಬೀಳುತ್ತಿತ್ತು. ತುಕ್ಕು ಹಿಡಿದ ಕಬ್ಬಿಣದ ಪೈಪಿನ ಒಳಮೈಯಲ್ಲಿ ಗುಳ್ಳೆ ಎದ್ದು, ದೀಪದ ಬೆಳಕು ಬಿದ್ದ ಕೂಡಲೇ ಅವು ಬಾಯಿ ತೆರೆದ ಮುಖಗಳಾಗುತ್ತಿದ್ದವು. ಕಳಚಿ ಬಿದ್ದ ಮೋಟ್ರಿನ ಕೇಬಲ್ಲು ಕರುಳಿನಂತೆ ಸುರುಳಿ ಸುತ್ತಿಕೊಂಡು, ಮೇಲೆ ಲೋಳೆ ಬೆಳೆಸಿಕೊಂಡು ಕೂತಿರುತ್ತಿತ್ತು. ಮುಚ್ಚಳವಿಲ್ಲದ ಬೋರಿಗೆ ಬಿದ್ದ ಕಪ್ಪೆಯೊಂದು ಐವತ್ತು ಅಡಿ ಕೆಳಗೆ ಪೈಪಿನ ಸಂದಿಯಲ್ಲಿ ಸಂಸಾರ ಹೂಡಿ, ಕ್ಯಾಮರಾ ಬಂದರೆ ಮೂತಿ ಎತ್ತಿ ನೋಡುತ್ತಿತ್ತು. ಅಸಹ್ಯವೂ ಹೌದು, ಚೆಂದವೂ ಹೌದು. ಎರಡನ್ನೂ ಬಿಡಿಸಿ ನೋಡಲು ಚೌಡೇಶನಿಗೆ ಆಗಲಿಲ್ಲ.

ಹೀಗೆ ಶುರುವಾಯಿತು ಅವನ ಸಿನಿಮಾ ಹುಚ್ಚು. ಮೋಟ್ರು ಎತ್ತುವವರು ಬರುವವರೆಗೆ ಬೋರಿನ ಹತ್ತಿರ ತಾಸುಗಟ್ಟಲೆ ಕಾಯಬೇಕು. ಆಗ ಓಮ್ನಿಯ ಬಾಗಿಲು ತೆಗೆದಿಟ್ಟುಕೊಂಡು, ಹಳೆಯ ರೆಕಾರ್ಡಿಂಗುಗಳನ್ನು ಮೊಬೈಲಿಗೆ ಹಾಕಿಕೊಂಡು ಕತ್ತರಿಸುವುದು, ನಿಧಾನ ಮಾಡುವುದು, ತಲೆಕೆಳಗು ಮಾಡುವುದು. ಮೂರು ನಾಲ್ಕು ನಿಮಿಷದ ಚಿತ್ರಗಳು. ಕಥೆಯಿಲ್ಲ, ಮಾತಿಲ್ಲ, ಮನುಷ್ಯರಿಲ್ಲ. ಸದ್ದಿಗೆ ಮೋಟ್ರು ಚಾಲೂ ಮಾಡುವ ಸ್ಟಾರ್ಟರ್ ಡಬ್ಬಿಯ ಗುಂಯ್‌ಗುಡುವಿಕೆ, ಕುರಿ ಮೆಲುಕು ಹಾಕುವ ಸಪ್ಪಳ, ಒಮ್ಮೊಮ್ಮೆ ತನ್ನದೇ ಹೊಟ್ಟೆಯ ಗುಡುಗುಡು. ಅಂಥವು ಮೂವತ್ತೊಂದು ಆಗಿದ್ದವು. ಅವನ್ನು ಪೂರ್ತಿ ನೋಡಿದವರು ಯಾರೂ ಇರಲಿಲ್ಲ.

"ಊಟದ ಹೊತ್ನಾಗೆ ಅದನ್ನ ತೆಗೆದ್ರೆ ತಟ್ಟೆ ಎತ್ತಿಡ್ತೀನಿ ನೋಡ್ರಿ" ಎಂದು ಧನಲಕ್ಷ್ಮಿ ಒಂದೇ ಮಾತಿನಲ್ಲಿ ಹೇಳಿಬಿಟ್ಟಿದ್ದಳು.

ಚೌಡೇಶನಿಗೆ ಒಂದು ನೇಮವಿತ್ತು. ಯಾವ ಚಿತ್ರದಲ್ಲಿ ಯಾರ ಬೋರು ಇದೆ ಎಂದು ಪ್ರಾಣ ಹೋದರೂ ಹೇಳುತ್ತಿರಲಿಲ್ಲ. ಬೋರಿನ ಒಳಗುಟ್ಟು ಮನೆಯ ಒಳಗುಟ್ಟಿದ್ದ ಹಾಗೆ. ಪಕ್ಕದ ಜಮೀನಿನವನಿಗೆ ತಿಳಿದರೆ ಇಲ್ಲದ ತರಲೆ. ಒಳಗಿನಿಂದ ನೋಡಿದರೆ ಎಲ್ಲ ಬೋರುಗಳೂ ಒಂದೇ ಥರ ಕಾಣುವುದರಿಂದ ಯಾರಿಗೂ ಗುರುತು ಹತ್ತುವುದಿಲ್ಲ ಎಂಬ ಧೈರ್ಯವೂ ಅವನಿಗಿತ್ತು.

ಇಷ್ಟೆಲ್ಲ ಇದ್ದ ಚೌಡೇಶನಿಗೆ ಇದ್ದದ್ದು ಒಂದೇ ಕೊರಗು. ಅವನ ಮಾವ ಮಾರಪ್ಪ ಅವನೊಡನೆ ಮಾತು ಬಿಟ್ಟು ಮೂರು ವರ್ಷವಾಗಿತ್ತು.

ಮಾರಪ್ಪ ಬರೀ ಹೆಣ್ಣು ಕೊಟ್ಟ ಮಾವನಲ್ಲ, ಚೌಡೇಶನ ತಾಯಿಯ ಒಡಹುಟ್ಟಿದ ಅಣ್ಣ. ಸೊರಬದ ಉಳವಿಯವರು. ಸುತ್ತ ಹತ್ತೂರಿಗೆ ನೀರಿನ ಪಾಯಿಂಟ್ ತೋರಿಸುವವರು ಎಂದರೆ ಅವರೇ. ಅಂಗೈ ಮೇಲೆ ತೆಂಗಿನಕಾಯಿ ಅಡ್ಡ ಇಟ್ಟುಕೊಂಡು ಜಮೀನಿನಲ್ಲಿ ನಡೆಯುತ್ತಾರೆ. ಕೆಳಗೆ ನೀರಿದ್ದರೆ ಕಾಯಿ ತಾನಾಗಿ ಎದ್ದು ನಿಲ್ಲುತ್ತದೆ. ಅಕ್ಕಪಕ್ಕದ ಮರ, ಹುತ್ತ, ಮಣ್ಣಿನ ಬಣ್ಣವನ್ನೂ ನೋಡುತ್ತಾರೆ, ಆದರೆ ಹೆಸರೆಲ್ಲ ಕಾಯಿಗೆ. ಚಿಕ್ಕಂದಿನಲ್ಲಿ ಚೌಡೇಶನನ್ನು ಹೆಗಲ ಮೇಲೆ ಕೂರಿಸಿಕೊಂಡು ಜಮೀನು ಸುತ್ತಿದವರೂ ಅವರೇ. ಮಾವ ತೋರಿಸಿದ ಕಡೆ ಬೋರು ಕೊರೆಯುತ್ತಾರೆ, ಅದು ಕೈಕೊಟ್ಟರೆ ಅಳಿಯ ಕ್ಯಾಮರಾ ಇಳಿಸುತ್ತಾನೆ. ಇಂಥ ಎರಡು ಉದ್ಯೋಗ ಒಂದೇ ಮನೆತನದಲ್ಲಿ ಇರಬಾರದಿತ್ತು.

ಜಗಳ ಆದದ್ದು ಬಂದಳಿಕೆಯಲ್ಲಿ. ಅಲ್ಲಿಯ ಭೀಮಣ್ಣ ಎಂಬ ಕುರಿ ಸಾಕುವ ರೈತ ಮಾರಪ್ಪನವರಿಂದ ಪಾಯಿಂಟ್ ನೋಡಿಸಿದ್ದ. ಜಮೀನಿನ ಅಂಚಿನ ಅತ್ತಿ ಮರದ ಹತ್ತಿರ ಕಾಯಿ ಎದ್ದಿತ್ತು. "ಎಪ್ಪತ್ತು ಎಂಬತ್ತು ಅಡೀಲಿ ಸಿಗ್ತದೆ" ಎಂದಿದ್ದರು. ಬೋರು ಕೊರೆಯುವವರು ಮೇಲ್ಮಣ್ಣು ಸಡಿಲ ಇದೆ ಎಂದು, ಅದು ಒಳಗೆ ಕುಸಿಯದ ಹಾಗೆ ನೂರಾ ಹತ್ತು ಅಡಿವರೆಗೆ ಕೇಸಿಂಗ್ ಪೈಪು ಇಳಿಸಿ, ಅದರ ಕೆಳಗಿನ ಬಂಡೆಯನ್ನು ನಾನೂರ ಮೂವತ್ತು ಅಡಿಯವರೆಗೂ ಕೊರೆದರು. ಬರೀ ಧೂಳು. ಎರಡು ಮಳೆಗಾಲ ಕಳೆದ ಮೇಲೆ, ತಳದಲ್ಲಿ ಒಂದಿಷ್ಟು ಜಿನುಗಾದರೂ ಸೇರಿದೆಯೇನೋ ನೋಡೋಣ ಎಂದು ಭೀಮಣ್ಣ ಚೌಡೇಶನನ್ನು ಕರೆಸಿದ. ಅದು ಮೇ ತಿಂಗಳ ಬಿಸಿಲು. ಅರ್ಧ ಊರು ಟಿವಿ ಸುತ್ತ ನೆರೆದಿತ್ತು, ಮಾರಪ್ಪನವರೂ ಬಂದು ನಿಂತಿದ್ದರು. ಕ್ಯಾಮರಾ ತಳ ಮುಟ್ಟಿತು. ಟಿವಿಯಲ್ಲಿ ಒಣ ಕಲ್ಲು ಬಿಟ್ಟು ಬೇರೇನಿಲ್ಲ.

"ಹೆಂಗೈತ್ರಿ?" ಎಂದ ಭೀಮಣ್ಣ.

"ಒಣ ಬೋರು ಇದು. ಹನಿ ನೀರೂ ಇಲ್ಲ" ಎಂದ ಚೌಡೇಶ. ಕಂಡದ್ದನ್ನು ಕಂಡ ಹಾಗೆ ಹೇಳುವವನು, ಸ್ವಲ್ಪ ಮೆಲ್ಲಗೆ ಹೇಳಬೇಕು ಎಂಬುದು ಅವನಿಗೆ ಹೊಳೆಯಲೇ ಇಲ್ಲ.

ಜನ ಮಾರಪ್ಪನವರ ಮುಖ ನೋಡಿದರು. ಅವರು ಕೊಡೆ ಬಿಚ್ಚಿಕೊಂಡು ಬಸ್ಸಿಗೆ ನಡೆದುಬಿಟ್ಟರು. ಅಂದಿನಿಂದ ಯಾರು ಕರೆದರೂ ಪಾಯಿಂಟ್ ನೋಡಲು ಹೋಗಲಿಲ್ಲ. ಅಳಿಯನ ಜೊತೆ ನೇರವಾಗಿ ಮಾತಾಡಲೂ ಇಲ್ಲ. ಹಬ್ಬಕ್ಕೆ ಹೋದರೆ ಪಕ್ಕದಲ್ಲೇ ಊಟಕ್ಕೆ ಕೂತ ಚೌಡೇಶನನ್ನು ಬಿಟ್ಟು, "ಧನಾ, ಅವನಿಗೆ ಇನ್ನೊಂದು ಹೋಳಿಗೆ ಬೇಕಾ ಕೇಳು" ಎನ್ನುತ್ತಿದ್ದರು. ಚೌಡೇಶ, "ಬೇಡ ಅಂತ ಹೇಳು ಧನಾ" ಎನ್ನುತ್ತಿದ್ದ. ಧನಲಕ್ಷ್ಮಿ ಇಬ್ಬರನ್ನೂ ಕೇಳದೆ ಬಡಿಸಿ ಹೋಗುತ್ತಿದ್ದಳು. ನೋಡಿದವರಿಗೆ ಅದು ತಮಾಷೆ. ಚೌಡೇಶನಿಗೆ ಮಾತ್ರ ಆ ಹೋಳಿಗೆ ಗಂಟಲಲ್ಲಿ ಇಳಿಯುತ್ತಿರಲಿಲ್ಲ.

ಅವನ ಚಿತ್ರಗಳು ಮೊಬೈಲಿನಿಂದ ಹೊರಗೆ ಬಂದದ್ದು ನಯನ ಮೇಡಂ ಅವರಿಂದ. ಗುಡವಿ ಕಡೆಯ ಶಾಲೆಯೊಂದರಲ್ಲಿ ಅವರು ವಿಜ್ಞಾನ ಕಲಿಸುತ್ತಾರೆ. ಶಾಲೆಯ ಬೋರು ನೋಡಲು ಹೋಗಿದ್ದಾಗ ಚೌಡೇಶ ಮರದಡಿ ಕೂತು ಕತ್ತರಿಸುತ್ತಿದ್ದುದನ್ನು ಬಗ್ಗಿ ನೋಡಿ, ಆರು ಚಿತ್ರಗಳನ್ನು ನಿಂತಲ್ಲೇ ನೋಡಿಬಿಟ್ಟರು.

"ಇವನ್ನ ಯಾಕೆ ಬಚ್ಚಿಟ್ಟಿದೀರಿ?" ಎಂದರು.

"ಬಚ್ಚಿಟ್ಟಿಲ್ರಿ ಮೇಡಂ. ನೋಡೋರಿಲ್ಲ" ಎಂದ ಚೌಡೇಶ.

ಮೇಡಂ ಮತ್ತು ಅವರ ಗೆಳತಿಯರು ತಿಂಗಳಿಗೊಂದು ಭಾನುವಾರ ಯಾವುದಾದರೂ ಊರಿನ ಸಮುದಾಯ ಭವನದಲ್ಲಿ ಕಿರುಚಿತ್ರ ತೋರಿಸುತ್ತಿದ್ದರು. ಹಾಡು, ಹೊಡೆದಾಟ ಇಲ್ಲದ, ಅರ್ಥ ಆದರೂ ಆಗದಿದ್ದರೂ ನಡೆಯುವಂಥ ಚಿತ್ರಗಳು. ಈ ಸಲದ ಪಾಳಿ ಉಳವಿಯದು, ಚಿತ್ರಗಳು ಚೌಡೇಶನವು ಎಂದು ಮೇಡಂ ತೀರ್ಮಾನ ಮಾಡಿಯೇ ಬಿಟ್ಟರು. ಉಳವಿ ಎಂದ ಕೂಡಲೇ ಚೌಡೇಶ ಮೊಬೈಲು ಕೆಳಗಿಟ್ಟ. ಮಾವನ ಮನೆ ಭವನದಿಂದ ನಾಲ್ಕನೆಯದು. ಅಷ್ಟು ಹತ್ತಿರ ತನ್ನ ಚಿತ್ರ ಓಡುವಾಗ ಅವರು ಬಂದು ಒಮ್ಮೆ ನೋಡಿದರೆ ಸಾಕು ಎಂದು ಆಸೆ. ಬಂದರೆ ಏನಾದೀತೋ ಎಂದು ದಿಗಿಲು.

ಭಾನುವಾರ ಮಧ್ಯಾಹ್ನ ಎರಡೂವರೆಗೆ ಪ್ರದರ್ಶನ. ಭವನದ ಕಿಟಕಿಗಳಿಗೆ ಪರದೆ ಇಲ್ಲ, ಒಳಗೆ ಬಿಸಿಲೋ ಬಿಸಿಲು. ಅತ್ತೆ ಜಗದಾಂಬ ಮನೆಮನೆಗೆ ಹೋಗಿ ಕಂಬಳಿ ತಂದರು. ಹದಿನಾಲ್ಕು ಕರಿ ಕಂಬಳಿ ಕಿಟಕಿ ಬಾಗಿಲಿಗೆ ಬಿದ್ದ ಮೇಲೆ ಒಳಗೆ ಕತ್ತಲಾಯಿತು, ಜೊತೆಗೆ ಕುರಿಯ ವಾಸನೆಯೂ ತುಂಬಿತು. ಎಪ್ಪತ್ತು ಎಂಬತ್ತು ಜನ ಸೇರಿದ್ದರು. ಮಾರಪ್ಪ ಮಾತ್ರ ಇರಲಿಲ್ಲ.

ಮೊದಲ ಚಿತ್ರದಲ್ಲಿ ಕ್ಯಾಮರಾ ಕತ್ತಲಲ್ಲಿ ಇಳಿಯುತ್ತಾ ಇಳಿಯುತ್ತಾ ನೀರಿನ ಹತ್ತಿರ ಬರುತ್ತದೆ. ದೀಪಗಳ ಬಳೆ ನೀರಿನಲ್ಲಿ ಬಿಂಬವಾಗಿ, ಪಾತಾಳದಿಂದ ದೊಡ್ಡ ಕಣ್ಣೊಂದು ತೆರೆದು ಮೇಲಕ್ಕೆ ನೋಡಿದಂತೆ ಕಾಣುತ್ತದೆ. ಇದನ್ನು ಕಂಡು ಜನ ಬೆಚ್ಚಿಬೀಳಬೇಕು ಎಂದು ಚೌಡೇಶ ಲೆಕ್ಕ ಹಾಕಿದ್ದ. ಆದದ್ದೇ ಬೇರೆ. ಮುಂದಿನ ಸಾಲಿನಲ್ಲಿದ್ದ ಜಗದಾಂಬ ತಟ್ಟನೆ ಕಾಲಿನ ಚಪ್ಪಲಿ ಬಿಟ್ಟು ಕೈ ಮುಗಿದರು.

"ಗಂಗಮ್ಮನ ಮುಂದೆ ಚಪ್ಲಿ ಹಾಕ್ಕೊಂಡು ಕೂತಿದೀವಲ್ಲೇ" ಎಂದು ಪಕ್ಕದವಳಿಗೆ ಹೇಳಿದರು.

ಪಕ್ಕದವಳು ಬಿಟ್ಟಳು, ಅವಳ ಹಿಂದಿನವಳು ಬಿಟ್ಟಳು, ನೋಡುತ್ತಿದ್ದಂತೆ ಇಡೀ ಭವನದ ಚಪ್ಪಲಿಗಳು ಬಾಗಿಲ ಹೊರಗೆ ಹೋಗಿ ಬಿದ್ದವು. ಬೋರು ಕೊರೆಯುವ ಮುಂಚೆ ಗಂಗೆಗೆ ಪೂಜೆ ಮಾಡದ ಮನೆ ಈ ಕಡೆ ಇಲ್ಲ. ಪೂಜೆ ಮಾಡಿಸಿಕೊಂಡ ಗಂಗೆ ಹೇಗಿದ್ದಾಳೆ ಎಂದು ಅವರೆಲ್ಲ ಕಣ್ಣಾರೆ ಕಂಡದ್ದು ಇದೇ ಮೊದಲು. ಒಬ್ಬ ಅಜ್ಜಿ ಪರದೆಗೆ ಕುಂಕುಮ ಹಚ್ಚಲು ಎದ್ದಾಗ ನಯನ ಮೇಡಂ ಹೋಗಿ ಮೆತ್ತಗೆ ಕೂರಿಸಬೇಕಾಯಿತು. ಎರಡನೆಯ ಚಿತ್ರದಲ್ಲಿ ಕಪ್ಪೆಯ ಮೂತಿ ಗೋಡೆಯಗಲ ಬಂದು ಗಂಟಲು ಉಬ್ಬಿಸಿದ್ದೇ ತಡ, ಮುಗಿದ ಕೈಗಳೆಲ್ಲ ಬಾಯಿಗೆ ಬಂದು ಭವನವೇ ನಗುವಿನಲ್ಲಿ ಅಲುಗಾಡಿತು. ಚೌಡೇಶ ಗೋಡೆಗೆ ಒರಗಿ ನಿಂತು ತಾನೂ ನಕ್ಕ. ಇಂಥ ಸುಖ ಅವನು ಕಂಡಿರಲಿಲ್ಲ.

ಆಗ ಬಾಗಿಲ ಕಂಬಳಿ ಸರಿಯಿತು. ಕೊಡೆ ಊರಿಕೊಂಡು ಮಾರಪ್ಪ ಒಳಗೆ ಬಂದು ಕೊನೆಯ ಸಾಲಿನ ಕುರ್ಚಿಯಲ್ಲಿ ಕೂತರು. ಊರೆಲ್ಲ ನಗುವ ಸದ್ದು ಮನೆಯವರೆಗೂ ಕೇಳಿರಬೇಕು, ಕುತೂಹಲ ತಡೆಯಲಾಗಲಿಲ್ಲ.

ಚೌಡೇಶ ಗೋಡೆಗೆ ಇನ್ನಷ್ಟು ಒತ್ತಿಕೊಂಡ. ಮುಂದಿನ ಚಿತ್ರ 'ಗಡ್ಡ'. ಅದು ಬಂದಳಿಕೆಯ ಬೋರು.

ಅದನ್ನು ಮಾಡಿದ್ದಕ್ಕೆ ಕಾರಣವಿತ್ತು. ಅವತ್ತು ಕ್ಯಾಮರಾ ಇಳಿಸುವಾಗ ರೀಲಿನ ವೈರು ಸಿಕ್ಕಿಕೊಂಡು ಎಪ್ಪತ್ತೆರಡನೇ ಅಡಿಯಲ್ಲಿ ಕ್ಯಾಮರಾ ಒಂದು ನಿಮಿಷ ನಿಂತುಬಿಟ್ಟಿತ್ತು. ಎಲ್ಲರೂ ವೈರು ಬಿಡಿಸಲು ಓಡಿದ್ದರು, ಟಿವಿ ಕಡೆ ಯಾರೂ ನೋಡಿರಲಿಲ್ಲ. ನೀರು ಸಿಗುವುದಿದ್ದರೆ ಕೆಳಗಿನ ಬಂಡೆಯಲ್ಲಿ ಎಂದು ಅವನೂ ಲಕ್ಷ್ಯ ಕೊಟ್ಟಿರಲಿಲ್ಲ. ಎಷ್ಟೋ ತಿಂಗಳ ಮೇಲೆ ರೆಕಾರ್ಡಿಂಗ್ ನೋಡುವಾಗ ಕಂಡಿತು: ಕೇಸಿಂಗ್ ಪೈಪಿನ ಜಾಯಿಂಟಿನಿಂದ ಒಳಕ್ಕೆ ನುಗ್ಗಿ ಬೆಳೆದ ಬೇರಿನ ಪೊದೆ. ತೇಟ್ ರಾಕ್ಷಸನ ಕೆಂಗಡ್ಡ. ತುದಿಯಲ್ಲಿ ಹೊಳೆಯುವ ಒಂದು ಹನಿ, ಅದು ಉದುರುತ್ತದೆ, ಮತ್ತೊಂದು ಮೂಡುತ್ತದೆ. ಚೌಡೇಶ ಅದನ್ನು ನಿಧಾನ ಮಾಡಿ, ಹನಿ ಬೀಳುವ ಹೊತ್ತಿಗೆ ಸರಿಯಾಗಿ ಸ್ಟಾರ್ಟರ್‌ನ ಟಕ್ ಎಂಬ ಸದ್ದು ಕೂರಿಸಿದ್ದ. ಅದನ್ನು ಹೊಂದಿಸಲು ಆ ಹನಿಯನ್ನು ಇನ್ನೂರು ಸಲವಾದರೂ ನೋಡಿದ್ದ. ಅವನ ಮೂವತ್ತೊಂದರಲ್ಲಿ ಅದೇ ಚೆಲುವಾದ ಚಿತ್ರ.

ಗಡ್ಡ ಪರದೆಯ ಮೇಲೆ ತುಂಬಿತು. ಟಕ್. ಹನಿ. ಟಕ್. ಹನಿ.

"ನಿಲ್ಸಮ್ಮಾ ಅದನ್ನ" ಎಂದು ಹಿಂದಿನಿಂದ ದನಿ ಬಂತು.

ನಯನ ಮೇಡಂ ಗಾಬರಿಯಾಗಿ ಲ್ಯಾಪ್‌ಟಾಪ್ ಒತ್ತಿದರು. ಮಾರಪ್ಪ ಕುರ್ಚಿಗಳ ನಡುವೆ ದಾರಿ ಮಾಡಿಕೊಂಡು ಬಂದು ಪರದೆಯ ಮುಂದೆ ನಿಂತರು. ಕೊಡೆಯ ತುದಿಯನ್ನು ಗಡ್ಡದ ತುದಿಗೆ ಇಟ್ಟರು.

"ಇದೇನಮ್ಮ?"

"ಬೇರು ಸರ್."

"ಬೇರು ನಂಗೂ ಗೊತ್ತು. ಬೇರಿನ ತುದೀಲಿ?"

ಮಾರಪ್ಪ ಪರದೆಯ ಮೂಲೆಯಲ್ಲಿದ್ದ ಅಡಿಯ ಅಂಕಿ ನೋಡಿದರು, ಬೇರಿನ ಬಣ್ಣ ನೋಡಿದರು. ಆಮೇಲೆ ತಿರುಗಿ, ಗೋಡೆಗೆ ಅಂಟಿಕೊಂಡಿದ್ದ ಅಳಿಯನನ್ನು ನೇರವಾಗಿ ನೋಡಿದರು.

"ಚೌಡಾ, ಇದು ಅತ್ತಿ ಬೇರು. ಬಂದಳಿಕೆ ಬೋರಲ್ವೇನೋ ಇದು?"

ಮೂರು ವರ್ಷದ ಮೇಲೆ ಬಂದ ಮೊದಲ ಮಾತು. ಉಳವಿಯಲ್ಲಿ ಈ ಮಾವ ಅಳಿಯನ ಸಂಗತಿ ಗೊತ್ತಿಲ್ಲದವರಿರಲಿಲ್ಲ. ಯಾರ ಬೋರೆಂದು ಹೇಳುವುದಿಲ್ಲ ಎಂಬ ಚೌಡೇಶನ ನೇಮ ಒಂದು ಕಡೆ. ಆದರೆ ಆವತ್ತು ಅರ್ಧ ಊರಿನ ಮುಂದೆ ಬಾಯಿ ಬಿಟ್ಟವನು ಇವತ್ತು ಮುಚ್ಚಿಕೊಂಡರೆ ಅದು ಯಾವ ನ್ಯಾಯ?

"ಹೌದು ಮಾವ" ಎಂದ.

"ಯಾವ ತಿಂಗಳಲ್ಲಿ ಇಳಿಸಿದ್ದೆ?"

"ಮೇ ತಿಂಗಳು."

"ಮೇ ತಿಂಗಳಲ್ಲಿ ಹನಿ ಹಾಕೋದು ಮಳೆ ನೀರೇನೋ?"

ಚೌಡೇಶನಿಗೆ ಆಗ ಕಣ್ಣು ತೆರೆಯಿತು. ಎಪ್ಪತ್ತು ಎಂಬತ್ತು ಅಡಿಯಲ್ಲಿ ನೀರು ಎಂದು ಮಾವ ಹೇಳಿದ್ದರು. ನೀರು ಅಲ್ಲೇ ಇತ್ತು. ನೂರಾ ಹತ್ತು ಅಡಿ ಕೇಸಿಂಗ್ ಪೈಪು ಅದಕ್ಕೆ ಅಡ್ಡ ನಿಂತಿತ್ತು. ಒಳಗೆ ಉದುರಿದ ಒಂದೊಂದು ಹನಿಯನ್ನು ಕೆಳಗಿನ ಬಂಡೆಯ ಬಿರುಕು ಕುಡಿದುಬಿಡುತ್ತಿತ್ತು. ಅತ್ತಿ ಮರದ ಬೇರು ಆ ನೀರನ್ನು ಹುಡುಕಿಕೊಂಡು ಬಂದು ಜಾಯಿಂಟಿನ ಸಂದಿಯಲ್ಲಿ ತೂರಿ ಸಾಕ್ಷಿ ಹೇಳುತ್ತಿತ್ತು. ನೋಡುವುದೇ ಉದ್ಯೋಗವಾದ ತಾನು ಇನ್ನೂರು ಸಲ ನೋಡಿ, ಹನಿಗೆ ತಾಳ ಕೂರಿಸಿ, ಆ ಹನಿ ಎಲ್ಲಿಂದ ಬಂತು ಎಂದು ಒಮ್ಮೆಯೂ ಕೇಳಿಕೊಂಡಿರಲಿಲ್ಲ. ನಾಚಿಕೆಯಾಯಿತು. ಅದರ ಹಿಂದೆಯೇ ಏನೋ ಒಂಥರಾ ಸಂತೋಷವೂ ಉಕ್ಕಿತು.

ಅವನು ಪರದೆಯ ಮುಂದೆ ಬಂದು ಮಾವನ ಪಕ್ಕ ನಿಂತ.

"ಈ ಬೋರಿಗೆ ಪಾಯಿಂಟ್ ನೋಡಿದ್ದು ನಮ್ಮ ಮಾವ" ಎಂದ, ಎಲ್ಲರಿಗೂ ಕೇಳುವ ಹಾಗೆ. "ಹನಿ ನೀರೂ ಇಲ್ಲ ಅಂತ ಹೇಳಿದ್ದು ನಾನು. ಅವರು ಹೇಳಿದ್ದು ಖರೆ. ನಾನೇ ನೆಟ್ಟಗೆ ನೋಡಿರಲಿಲ್ಲ. ತಪ್ಪಾಯ್ತು ಮಾವ."

ಮಾರಪ್ಪ ಕಣ್ಣು ಒರೆಸಿಕೊಳ್ಳಲು ಹೆಗಲ ಟವೆಲ್ಲು ಹುಡುಕಿದರೆ ಅದು ಮನೆಯಲ್ಲೇ ಉಳಿದಿತ್ತು, ಕಿಟಕಿಯ ಕಂಬಳಿಯ ತುದಿಗೇ ಒರೆಸಿಕೊಂಡರು.

"ಆಯ್ತು ಮಾರಾಯ, ಭಾಷಣ ಸಾಕು" ಎಂದರು. "ಹಿಂದಕ್ಕೆ ಹಾಕ್ಸು, ಎಷ್ಟೊತ್ತಿಗೊಂದು ಹನಿ ಬೀಳ್ತದೆ ನೋಡಣ."

ಆ ಮಧ್ಯಾಹ್ನ 'ಗಡ್ಡ' ಹದಿನೇಳು ಸಲ ಹಿಂದಕ್ಕೂ ಮುಂದಕ್ಕೂ ಓಡಿತು, ಕೊನೆಯವರೆಗೆ ಒಂದು ಸಲವೂ ಓಡಲಿಲ್ಲ. ಉಳವಿಯ ಗಂಡಸರೆಲ್ಲ ಎದ್ದು ಪರದೆಯ ಹತ್ತಿರ ಬಂದು, ನೀರು ಅರ್ಧ ಇಂಚೋ ಒಂದು ಇಂಚೋ ಎಂದು ವಾದಕ್ಕೆ ನಿಂತರು. ನಯನ ಮೇಡಂ ಸಿದ್ಧ ಮಾಡಿಕೊಂಡು ಬಂದಿದ್ದ ಸಂವಾದದ ಪ್ರಶ್ನೆಗಳು ಚೀಲದಲ್ಲೇ ಉಳಿದವು. ಬೇರೆ ಸಿನಿಮಾದವರಾಗಿದ್ದರೆ ತಲೆ ಚಚ್ಚಿಕೊಳ್ಳುತ್ತಿದ್ದರು. ಚೌಡೇಶ ಹೊರಗೆ ಹೋಗಿ, ಚಪ್ಪಲಿಗಳ ರಾಶಿಯ ನಡುವೆ ನಿಂತು ಭೀಮಣ್ಣನಿಗೆ ಫೋನು ಮಾಡಿದ. ನಿಮ್ಮ ಬೋರಿನ ಗುಟ್ಟು ಬಿಟ್ಟುಕೊಟ್ಟಿದ್ದೇನೆ ಎಂದು ಮೊದಲು ಕ್ಷಮೆ ಕೇಳಿ, ಆಮೇಲೆ ಗುಟ್ಟು ಏನೆಂದು ಹೇಳಿದ.

"ಇಷ್ಟು ವರ್ಷ ನಮ್ಮ ಕುರಿ ಅದರ ಮ್ಯಾಲೇ ನಿಂತ್ಕಂಡು ನೀರಿಗೆ ಅರಚ್ಯಾವಲ್ರಿ" ಎಂದ ಭೀಮಣ್ಣ. "ನಾಳೇನೇ ಬರ್ರಿ. ಮಾರಪ್ಪಾರ್ನೂ ಕರ್ಕಂಡು ಬರ್ರಿ."

ಮರುದಿನ ಬೆಳಿಗ್ಗೆ ಇಬ್ಬರೂ ಒಂದೇ ಓಮ್ನಿಯಲ್ಲಿ ಬಂದಳಿಕೆಗೆ ಹೋದರು. ದಾರಿಯುದ್ದಕ್ಕೂ ಮಾರಪ್ಪ ಬೈದರು: ಗಾಡಿ ಓಡಿಸುವ ರೀತಿಗೆ, ರೀಲು ಇಟ್ಟುಕೊಂಡ ರೀತಿಗೆ, ಕಪ್ಪೆಗೆ ಅಷ್ಟು ಹೊತ್ತು ಕೊಟ್ಟದ್ದಕ್ಕೆ. ಮೂರು ವರ್ಷದ ಬಾಕಿ ಮಾತು, ಸೊರಬ ದಾಟಿದರೂ ಮುಗಿಯಲಿಲ್ಲ. ಗಡ್ಡ ಇದ್ದಲ್ಲೇ ಇತ್ತು, ಇನ್ನೂ ದಪ್ಪವಾಗಿತ್ತು. ಆ ಅಳತೆಗೆ ಸರಿಯಾಗಿ ಕೇಸಿಂಗ್ ಪೈಪಿಗೆ ಒಳಗಿನಿಂದ ಸೀಳು ಹಾಕಿಸಿದ ಮೇಲೆ ಒಂದು ಇಂಚು ನೀರು ಬಂತು. ಭಾರಿ ನೀರೇನಲ್ಲ. ಭೀಮಣ್ಣನ ಕುರಿಗೂ ಒಂದು ಮಡಿ ಮೆಣಸಿನ ಗಿಡಕ್ಕೂ ಸಾಕು.

ಹದಿನೈದು ದಿನದ ಮೇಲೆ, ಬೆಳಿಗ್ಗೆ ಹತ್ತು ಗಂಟೆಯ ಬಸ್ಸಿಗೆ ಮಾರಪ್ಪ ಶಿಕಾರಿಪುರಕ್ಕೆ ಬಂದಿಳಿದರು. ಕಾಲು ತೊಳೆದುಕೊಂಡು ಟಿವಿ ಮುಂದೆ ಕೂತು, "ಮೂವತ್ತೊಂದನ್ನೂ ಹಾಕು" ಎಂದರು. "ಬೇರೆ ಯಾವ್ಯಾವ ಬೋರಲ್ಲಿ ನೀನು ಕುರುಡನಾಗಿದೀಯ ನೋಡ್ತೀನಿ."

ಧನಲಕ್ಷ್ಮಿಯೂ ಹೆಸರುಕಾಳು ಆರಿಸುತ್ತಾ ಪಕ್ಕದಲ್ಲಿ ಕೂತಳು. ಮೂವತ್ತೊಂದರಲ್ಲಿ ತಮ್ಮ ಪಾಯಿಂಟುಗಳನ್ನು ಮಾರಪ್ಪ ಯಾರೂ ಹೇಳದೆಯೇ ಗುರುತು ಹಿಡಿದರು, 'ಗಡ್ಡ' ಬಿಟ್ಟು ಒಟ್ಟು ಐದು. ನಾಲ್ಕರಲ್ಲಿ ತಪ್ಪು ಕೊರೆದವರದು, ಪೈಪಿನದು, ಕಲ್ಲಿನದು ಎಂದು ಪಟ್ಟು ಹಿಡಿದು ವಾದಿಸಿದರು. ಒಂದೆರಡು ಕಡೆ ಅವರು ಹೇಳಿದ್ದರಲ್ಲಿ ಹುರುಳೂ ಇತ್ತು. ಐದನೆಯದು ಬರೀ ಒಣ ಕಲ್ಲು, ತಳದಲ್ಲಿ ಒಂದು ಚೇಳಿನ ಪೊರೆ, ಅದರ ಮೇಲೆ ದೀಪದ ಬೆಳಕು. ಅದನ್ನು ಎರಡು ಸಲ ಹಾಕಿಸಿ ನೋಡಿದರು. ಚೌಡೇಶ ಈ ಸಲ ಬಾಯಿ ಬಿಡಲಿಲ್ಲ.

"ಇದ್ರಲ್ಲಿ ಏನೂ ಇಲ್ಲ ಬಿಡು" ಎಂದರು ಮಾರಪ್ಪ.

ಚೌಡೇಶ ಟಿವಿಯ ಸದ್ದು ತಗ್ಗಿಸಿದ.

"ಕಾಯಿ ಎದ್ದಿರ್ಲಿಲ್ಲ ಕಣೋ ಅವತ್ತು. ನಾನೇ ಎಬ್ಬಿಸಿದೆ. ಆ ಮನೇಲಿ ನಂಗೋಸ್ಕರ ಪಾಯಸ ಮಾಡಿದ್ರು. ಉಂಡಾದ್ಮೇಲೆ ಇಲ್ಲಿ ನೀರಿಲ್ಲ ಅನ್ನಕ್ಕೆ ನಾಲಿಗೆ ಏಳ್ಲಿಲ್ಲ."

ಧನಲಕ್ಷ್ಮಿಯ ಕೈಯಲ್ಲಿದ್ದ ಮೊರ ಹಾಗೇ ನಿಂತಿತು. ಚೌಡೇಶನಿಗೆ ಮಾವನ ಮೇಲೆ ಹಿಂದೆಂದೂ ಇಲ್ಲದಷ್ಟು ಪ್ರೀತಿ ಬಂದುಬಿಟ್ಟಿತು.

"ಯಾರಿಗೂ ಹೇಳಲ್ಲ ಮಾವ."

"ಯಾರ ಮನೆ ಅಂತ ಹೇಳ್ಬೇಡ. ಪಿಚ್ಚರ್‌ಗೆ ಬೇಕಾದ್ರೆ ಹೆಸರು ಇಡು."

"ಏನಂತ?"

"ಪಾಯಸ ಅಂತ."

ಮುಂದಿನ ತಿಂಗಳು ಸೊರಬದಲ್ಲಿ ನಯನ ಮೇಡಂ ಅದನ್ನು ತೋರಿಸಿದಾಗ, ಒಣ ಕಲ್ಲು ಮತ್ತು ಚೇಳಿನ ಪೊರೆಗೆ 'ಪಾಯಸ' ಎಂಬ ಹೆಸರು ಯಾಕೆ ಎಂದು ಕಾಲೇಜಿನ ಮೇಷ್ಟ್ರೊಬ್ಬರು ಎದ್ದು ಕೇಳಿದರು. ಅದು ನೋಡುವವರಿಗೆ ಬಿಟ್ಟದ್ದು ಎಂದು ಚೌಡೇಶ ಹೇಳಿದ. ಮೇಷ್ಟ್ರು ತಲೆದೂಗಿ, ಏನೋ ಬರೆದುಕೊಂಡರು. ಮುಂದಿನ ಸಾಲಿನಲ್ಲಿ ಕೂತಿದ್ದ ಮಾರಪ್ಪ ಮಾತ್ರ ಟವೆಲ್ಲು ಬಾಯಿಗೆ ಒತ್ತಿಕೊಂಡು, ಹೆಗಲು ಕುಣಿಸುತ್ತಾ ಬಹಳ ಹೊತ್ತು ನಗುತ್ತಿದ್ದರು.